ಎದುರು ಗೋಡೆಯ ಮನೆ

ಚಂದ್ರಕ್ಕ ಆ ಹೊಸ್ತಿಲ ಮೇಲೆ ಕಣ್ಣು ಹಾಕದೆ ಹೋಗಿದ್ದರೆ ಗೊಲ್ಲಪ್ಪ ಈ ಹೊತ್ತಿಗೆ ಪಾಸ್‌ಪೋರ್ಟ್ ಫೋಟೋ ತೆಗೆಸಿಕೊಳ್ಳುತ್ತಿದ್ದ.

ಹಿರಿಯೂರಿನ ಗೊಲ್ಲಪ್ಪ ನಾಟಕದ ಪರದೆ ಬರೆಯುವವನು. ಐಮಂಗಲದ ಬಯಲಿನಲ್ಲಿ ಜರ್ಮನಿಯ ಟೀವಿ ಧಾರಾವಾಹಿಯೊಂದಕ್ಕೆ ಹಳೇ ಮನೆಯ ಸೆಟ್ ಬೇಕಾಗಿತ್ತು. ಮೂವತ್ತು ವರ್ಷ ಸಿನಿಮಾಗಳಿಗೆ ಜೈಲು, ಅರಮನೆ, ಸ್ಮಶಾನ ಕಟ್ಟಿಸಿದ್ದ ಉರ್ಸುಲಾ ಮೇಡಂ ಆ ಕೆಲಸ ಅವನಿಗೆ ವಹಿಸಿ, ಮನೆಯ ಎದುರು ಗೋಡೆಯೊಂದರ ನಕ್ಷೆ ಮಾತ್ರ ಕೊಟ್ಟಿದ್ದರು. ದುಭಾಷಿ ಸುಷ್ಮಿತಾ ಕನ್ನಡದಲ್ಲಿ ಹೇಳಿದ್ದಳು: "ಕ್ಯಾಮೆರಾಕ್ಕೆ ಕಾಣದ್ದು ಒಂದು ಮೊಳೆನೂ ಇರಬಾರ್ದಂತೆ ಅಣ್ಣಾ. ಕೆಲಸ ಒಪ್ಪಿಗೆ ಆದ್ರೆ ನಿನ್ನ ಬರ್ಲಿನ್‌ಗೆ ಕರ್ಕಂಡು ಹೋಗ್ತಾರಂತೆ. ಸಂಜೆ ಐದಕ್ಕೆ ನೋಡೋಕೆ ಬರ್ತಾರೆ."

ಪ್ಲೈವುಡ್ಡಿಗೆ ಮಣ್ಣುಬಣ್ಣ ಬಳಿದು ಮುಗಿಸುವಷ್ಟರಲ್ಲಿ ಪಕ್ಕದ ಹೊಲದ ಚಂದ್ರಕ್ಕ ಸೊಂಟಕ್ಕೆ ಕೈಯಿಟ್ಟು ನಿಂತಳು.

"ಏನಪ್ಪ, ಬಾಗ್ಲು ಐತೆ, ಹೊಸ್ತಿಲು ಐತೆ. ಹಾಲು ಉಕ್ಕಿಸ್ದೆ ಬಿಡ್ತೀಯಾ?"

"ಅಕ್ಕಾ, ಇದು ಮನೆಯಲ್ಲ. ಹಿಂದ್ಗಡೆ ನಿನ್ನ ಶೇಂಗಾ ಹೊಲ!"

"ಅದು ನಿಂಗೊತ್ತು. ಹೊಸ್ತಿಲಿಗೆ ಗೊತ್ತೇನಲೇ?"

ಚಂದ್ರಕ್ಕನ ಬಾಯಿಗೆ ಹೆದರಿ ಗೊಲ್ಲಪ್ಪ ಹೊಸ್ತಿಲಿಗೆ ಅರಿಸಿನ ಹಚ್ಚಿದ, ಗೋಡೆಯ ಹಿಂದೆ ಮೂರು ಕಲ್ಲಿಟ್ಟು ಹಾಲು ಉಕ್ಕಿಸಿದ.

"ಈಗ ಒಳಗೆ ಬರ್ರಿ ಅಂತ ಕರಿ."

"ಯಾರ್ನ ಕರೀಲಿ?"

"ಇರೋರ್ನ."

ಖಾಲಿ ಬಯಲಿಗೆ ಮುಖ ಮಾಡಿ ಗೊಲ್ಲಪ್ಪ, "ಬರ್ರಿ, ಕುಂತ್ಕಳ್ರಿ" ಅಂದ. ಗುಡ್ಡದ ಮೇಲಿನ ಗಾಳಿಯಂತ್ರಗಳು ಒಮ್ಮೆಲೇ ನಿಂತವು. ಬಾಗಿಲು, ಮಲಗಿದ ಕೂಸು ಎಚ್ಚರವಾದೀತೆಂಬಂತೆ, ತಾನೇ ಮೆಲ್ಲಗೆ ಮುಚ್ಚಿಕೊಂಡಿತು. ಚಂದ್ರಕ್ಕ ತಿರುಗಿಯೂ ನೋಡದೆ ಹೋದಳು.

ಮಧ್ಯಾಹ್ನ ಬಾಗಿಲ ಸಂದಿಯಿಂದ ಒಗ್ಗರಣೆ ವಾಸನೆ ಬಂತು. ಗೋಡೆ ಸುತ್ತಿ ಹಿಂದೆ ಹೋದರೆ ಬರೀ ಶೇಂಗಾ. ಮುಂದೆ ಬಂದರೆ ಒಳಗೆ ಬಳೆ ಸದ್ದು. ಗೊಲ್ಲಪ್ಪ ಬಾಗಿಲಿಗೆ ಕಿವಿಯಿಟ್ಟ. "ಯಾ... ಯಾರ್ರಿ ಒಳಗೆ?"

"ಕಾಲು ತೊಳ್ಕಂಡು ಬಾರಪ್ಪ," ಎಂದಿತು ಒಂದು ಮುದಿ ದನಿ.

ಅವನು ಏಣಿ ಹತ್ತಿ ಕೂತವನು ಐದರ ತನಕ ಇಳಿಯಲಿಲ್ಲ.

ಜೀಪು ಬಂತು. ಮೇಡಂ ಗೋಡೆ ಸವರಿ ನಕ್ಕರು. "ನೂರು ವರ್ಷದ್ದು ಅಂತಾರಣ್ಣಾ!" ಅಂದಳು ಸುಷ್ಮಿತಾ. ಗೊಲ್ಲಪ್ಪನಿಗೆ ಬರ್ಲಿನ್ ಕಂಡೇಬಿಟ್ಟಿತು. ಅಷ್ಟರಲ್ಲಿ ಮೇಡಂ ಬಾಗಿಲು ತಳ್ಳಿ ಒಳಗೆ ಹೋದರು. ಗೊಲ್ಲಪ್ಪ ಹಿಂದಕ್ಕೆ ಓಡಿದ. ಅಲ್ಲಿ ಬರೀ ಶೇಂಗಾ. ಮೇಡಂ ಇಲ್ಲ!

ಹತ್ತು ನಿಮಿಷದ ಮೇಲೆ ಮೇಡಂ ಅದೇ ಬಾಗಿಲಿನಿಂದ ಹೊರಬಂದರು. ಹಣೆಯಲ್ಲಿ ಕುಂಕುಮ, ಕೈಯಲ್ಲಿ ಹಿತ್ತಾಳೆ ಲೋಟ, ಮುಖ ಕೆಂಡ.

"ಕೆಲಸ ಇಲ್ವಂತಣ್ಣಾ," ಸುಷ್ಮಿತಾ ಮುಖ ಸಣ್ಣದು ಮಾಡಿಕೊಂಡಳು. "ಗೋಡೆ ಅಂದ್ರೆ ಗೋಡೆ ಕಟ್ಟಬೇಕಂತೆ. ಕ್ಯಾಮೆರಾಕ್ಕೆ ಕಾಣದ ಮೂರು ಕೋಣೆ, ಅಡಿಗೆಮನೆ ಯಾಕೆ ಕಟ್ಟಿದೆ ಅಂತಾರೆ. ಕೇಳದೆ ಒಬ್ಬ ಅಜ್ಜೀನೂ ಪಾತ್ರಕ್ಕೆ ಗೊತ್ತು ಮಾಡಿದೀಯಂತೆ."

ಜೀಪಿನ ಧೂಳು ಇಳಿಯಿತು. ಗೊಲ್ಲಪ್ಪ ಒಬ್ಬನೇ ಉಳಿದ. ಬಾಗಿಲು ತಾನಾಗಿ ತೆರೆಯಿತು.

"ಹೋದ್ರೆ ಹೋಗ್ಲಿ ಬಿಡು ಗೊಲ್ಲಪ್ಪಾ. ಮನೆ ಕಟ್ಟಿದೋನೇ ಹೊರಗೆ ನಿಂತ್ರೆ ಹೆಂಗೆ? ಬಾ, ಮುದ್ದೆ ಆರ್ತೈತೆ."