ಬಾಣದ ಕೆಳಗಿನ ಕುರ್ಚಿ

ಕಾವಲುಗಾರ ದೊಡ್ಡಣ್ಣನ ತಲೆ ಸರಿಯಾಗಿ ಎಕ್ಸ್‌ರೇ ಕೋಣೆಯ ಬಾಣದ ಗುರುತಿಗೇ ಅಡ್ಡ ಬರುತ್ತಿತ್ತು. ಬೋರ್ಡಿನ ಕೆಳಗೆ ಕುರ್ಚಿ ಹಾಕಿಕೊಂಡು ಅವನು ಆಸ್ಪತ್ರೆಗೆ ಬಂದವರಿಗೆಲ್ಲ ದಾರಿ ಹೇಳುತ್ತಿದ್ದ. ಆ ಬೋರ್ಡನ್ನು ರೂಪಿಸಿದವಳಿಗೆ ಇದನ್ನು ನೋಡಿದಾಗಲೆಲ್ಲ ಮೈ ಉರಿಯುತ್ತಿತ್ತು.

ಆಸ್ಪತ್ರೆಯವರು ಅವಳನ್ನು ಬೋರ್ಡ್ ಮೇಡಮ್ ಎನ್ನುತ್ತಿದ್ದರು. ಗುತ್ತಿಗೆಯ ಕೆಲಸ, ಆರು ವರ್ಷವಾಗಿತ್ತು. ಅದರಲ್ಲಿ ಎರಡು ವರ್ಷ ಬರೀ ಅಕ್ಷರ ತಿದ್ದುವುದಕ್ಕೇ ಹೋಗಿತ್ತು. ಇಪ್ಪತ್ತು ಅಡಿ ದೂರದಿಂದಲೂ 'ದ' ಹೋಗಿ 'ಧ' ಆಗಬಾರದು, ಒತ್ತಕ್ಷರ ಕೆಳಗಿನ ಸಾಲಿನ ನೆತ್ತಿಗೆ ತಾಗಬಾರದು ಎಂದು ಒಂದೊಂದನ್ನೂ ಹಸುಗೂಸಿನಂತೆ ತಿದ್ದಿ ತೀಡಿದ್ದಳು. ಇಷ್ಟಾದರೂ ಜನ ನೋಡುತ್ತಿದ್ದದ್ದು ದೊಡ್ಡಣ್ಣನ ಬಾಯಿಯನ್ನು.

ಆ ಬೆಳಿಗ್ಗೆ ತಡೆಯಲಾರದೆ ಸೂಪರಿಂಟೆಂಡೆಂಟರ ಕೋಣೆಗೆ ನುಗ್ಗಿದಳು. "ಸಾರ್, ಇವತ್ತೊಂದಿನ ಅವನನ್ನ ಹಿಂದಿನ ಗೇಟಿಗೆ ಹಾಕಿ. ಬೋರ್ಡ್ ಒಂದೇ ಸಾಕು ಅಂತ ತೋರಿಸ್ತೀನಿ."

"ಒಬ್ಬರೂ ದಾರಿ ತಪ್ಪಬಾರದು. ತಪ್ಪಲಿಲ್ಲ ಅಂದ್ರೆ ಸಂಜೆಗೇ ನಿಮ್ಮ ಕೆಲಸ ಕಾಯಂ," ಎಂದರು ಅವರು.

ದೊಡ್ಡಣ್ಣ ಹೊರಟ. ಮೇಡಮ್ ಅವನ ಕುರ್ಚಿಯನ್ನು ಬಾಣದಿಂದ ಆಚೆಗೆಳೆದು, ದಾರಿ ತಪ್ಪಿದವರ ಸಂಖ್ಯೆ ಬರೆದುಕೊಳ್ಳಲು ನೋಟ್‌ಬುಕ್ ಹಿಡಿದು ಕೂತಳು.

ಕೋಲೂರಿಕೊಂಡು ಒಬ್ಬ ಮುದುಕ ಬಂದ. ಬೋರ್ಡಿನ ಮುಂದೆ ನಿಂತು, "ಎಕ್ಸ್‌ರೇ. ಎಡಕ್ಕೆ. ಎರಡನೇ ಬಾಗಿಲು," ಎಂದು ಒಂದಕ್ಷರವೂ ತಪ್ಪದೆ ಓದಿದ. ಮೇಡಮ್ ಎದೆ ಉಬ್ಬಿತು. ಆತ ಅವಳತ್ತ ತಿರುಗಿದ.

"ಎಕ್ಸ್‌ರೇ ಎಲ್ಲಿ, ತಾಯಿ?"

"ಈಗ ತಾನೇ ಓದಿದ್ರಲ್ಲ, ತಾತ."

"ಓದಿದೆ. ಬೋರ್ಡು ಯಾವತ್ತು ಬರೆದದ್ದೋ ಏನೋ. ನೀನು ಇವತ್ತಿನವಳು."

ಅವಳು ಹಲ್ಲು ಕಚ್ಚಿಕೊಂಡು ದಾರಿ ಹೇಳಿದಳು.

ಮುಂದಿನ ಹೆಂಗಸು ಕೇಳಿದಾಗ ಮೇಡಮ್ ಬಾಯಿಯನ್ನೇ ಬಿಡಲಿಲ್ಲ, ಪೆನ್ನಿನಿಂದ ಬೋರ್ಡು ತೋರಿಸಿದಳು. ಪೆನ್ನು ಮೇಲಕ್ಕಿದೆ ಎಂದು ಆಕೆ ಮಹಡಿ ಹತ್ತತೊಡಗಿದಳು. ಮೇಡಮ್ ಓಡಿಹೋಗಿ ಅರ್ಧ ಮೆಟ್ಟಿಲಿಂದ ಕೈಹಿಡಿದು ಕರೆತಂದಳು.

ಹಾದುಹೋಗುತ್ತಿದ್ದ ಹಿರಿಯ ನರ್ಸಮ್ಮ ನಿಂತು ನೋಡಿದರು. "ಅಕ್ಷರ ಚೆನ್ನಾಗಿದೆ, ಮೇಡಮ್. ಆದ್ರೆ ಬೋರ್ಡಿಗೆ ಸ್ವಲ್ಪ ಸಿಡುಕು ಮೋರೆ."

ಕಿಟಕಿಯಿಂದ ಕ್ಯಾಷಿಯರು ದನಿಗೂಡಿಸಿದ. "ಮೂಲೇಲಿ ಒಂದು ಹೂವಿನ ಚಿತ್ರ ಹಾಕಿದ್ರೆ ಸರಿಹೋಗುತ್ತೆ."

ಮಧ್ಯಾಹ್ನದ ಹೊತ್ತಿಗೆ ದಾರಿ ಹೇಳಿ ಹೇಳಿ ಅವಳ ದನಿ ತೂತುಬಿದ್ದ ಸೈಕಲ್ ಟ್ಯೂಬಿನಂತಾಗಿತ್ತು. ಸಿಟ್ಟಿನಲ್ಲಿ ನೋಟ್‌ಬುಕ್ಕಿನ ಹಾಳೆ ಹರಿದು, 'ನನ್ನನ್ನು ಕೇಳಬೇಡಿ, ಬೋರ್ಡ್ ನೋಡಿ' ಎಂದು ದಪ್ಪಗೆ ಬರೆದು ಕುರ್ಚಿಗೆ ಅಂಟಿಸಿದಳು. ಅದನ್ನು ಓದಿದ ನಾಲ್ವರು ಬಂದು, "ಯಾವ ಬೋರ್ಡು?" ಎಂದು ಕೇಳಿದರು.

ಸಂಜೆ ಸೂಪರಿಂಟೆಂಡೆಂಟರು ಕರೆಸಿದರು. ಸೋತ ಮುಖ ಹೊತ್ತು ಒಳಗೆ ಹೋದರೆ ಅವರು ನಗುನಗುತ್ತಾ ಕಾಗದವೊಂದನ್ನು ಮುಂದೆ ಚಾಚಿದರು.

"ಒಬ್ಬರೂ ದಾರಿ ತಪ್ಪಿಲ್ಲ. ತಗೊಳ್ಳಿ, ಕಾಯಂ ಆದೇಶ."

ಅವಳ ಕಣ್ಣು ತುಂಬಿ ಬಂತು. ಒರೆಸಿಕೊಂಡು ಓದಿದಳು. ಹುದ್ದೆಯ ಹೆಸರು, ವಿಚಾರಣೆ ಕೌಂಟರ್ ಸಹಾಯಕಿ.

"ದೊಡ್ಡಣ್ಣಂಗಿಂತ ನೀವೇ ಚೆನ್ನಾಗಿ ಹೇಳ್ತೀರಂತೆ," ಎಂದರು ಅವರು. "ಅವನಿಗೂ ಹಿಂದಿನ ಗೇಟೇ ಹಿಡಿಸಿದೆ. ಅಲ್ಲಿ ಒಳ್ಳೆ ಗಾಳಿಯಂತೆ."

ಮೇಡಮ್ ಆದೇಶವನ್ನು ನಾಲ್ಕು ಚೂರು ಮಾಡಿ ಮೇಜಿನ ಮೇಲಿಟ್ಟಳು. ನಿಂತಲ್ಲೇ ಮೂರು ಸಾಲಿನ ರಾಜೀನಾಮೆ ಗೀಚಿದಳು.

"ಇದನ್ನ ಯಾವ ರೂಮಲ್ಲಿ ಕೊಡ್ಬೇಕು, ಸಾರ್?"

ಅವರು ಫೈಲಿನಿಂದ ತಲೆ ಎತ್ತಲಿಲ್ಲ.

"ಹೊರಗೆ ಬೋರ್ಡ್ ಇದೆಯಲ್ಲ, ಮೇಡಮ್."