ಅಸಲಿ ದೊರೆ

ಶುಕ್ರವಾರ ಬೆಳಿಗ್ಗೆ ಕನ್ನಡ ಸಂಘದ ನಾಟಕ ನಿರ್ದೇಶಕ ಚನಿಯನ ಫೋನ್ ಬಂದಾಗ, ಹರ್ಬರ್ಟ್ ಹೋಟೆಲಿನ ನೈಟ್ ಡ್ಯೂಟಿ ಮುಗಿಸಿ ಆಗಷ್ಟೇ ಮಲಗಿದ್ದ.

"ಸುಶಾಂತನಿಗೆ ಡ್ಯೂಟಿ ಬಿತ್ತಂತೆ ಮಾರಾಯಾ. ಸಂಜೆ ನಾಟಕಕ್ಕೆ ಅಜ್ಜನೇ ಇಲ್ಲ."

ಹರ್ಬರ್ಟನ ನಿದ್ದೆ ಹಾರಿತು. ದೇವರು ಕೊಟ್ಟ ಬೆಕ್ಕಿನ ಕಣ್ಣು, ಬಿಳಿ ಮೈಯಿಂದಾಗಿ ದುಬೈಗೆ ಬಂದಂದಿನಿಂದ ಅವನಿಗೆ ಬ್ರಿಟಿಷ್ ಕಲೆಕ್ಟರನ ಪಾತ್ರವೇ ಗತಿ. ಕಲೆಕ್ಟರ್ ಬೇಕಿಲ್ಲದ ನಾಟಕಕ್ಕೂ ಚನಿಯ ಒಬ್ಬನನ್ನು ತುರುಕುತ್ತಿದ್ದ. "ಯಾಕೆ ಟೆರಿಗೆ ಕಟ್ಟುವುಡಿಲ್ಲ?" ಎಂದು ಗುಡುಗಿ ಗುಡುಗಿ ಹರ್ಬರ್ಟನ ನಾಲಗೆ ಸವೆದಿತ್ತು. ಒಮ್ಮೆಯಾದರೂ ಮಂಚದ ಮೇಲೆ ಸಾಯುವ ಅಜ್ಜನಾಗಿ ಜನರನ್ನು ಅಳಿಸಬೇಕೆಂಬುದು ಅವನ ಆಸೆ.

"ಅಜ್ಜನ ಮಾತೆಲ್ಲ ನನಗೆ ಬಾಯಿಪಾಠ ಉಂಟು. ನಾನು ಮಾಡ್ತೇನೆ."

"ಕಲೆಕ್ಟರ್ ಯಾರು ಮತ್ತೆ?"

"ಅಸಲಿ ದೊರೆಯನ್ನೇ ಕರ್ಕೊಂಡು ಬರ್ತೇನೆ."

ಡಿಸ್ಕವರಿ ಗಾರ್ಡನ್ಸ್ ಬಡಾವಣೆಯ ಅವನ ಕಟ್ಟಡದಲ್ಲೇ, ತಮ್ಮ ಮಗಳ ಮನೆಯಲ್ಲಿ, ಅಲೆಕ್ಸಾಂಡರ್ ಎಂಬ ಲಂಡನ್ನಿನ ಮುದಿ ನಟರಿದ್ದರು. ಸಿನಿಮಾಗಳಲ್ಲಿ ಜೀವಮಾನವಿಡೀ ಪಾದ್ರಿ, ಕಳ್ಳ, ಜಡ್ಜ್, ರಷ್ಯಾದ ಗೂಢಚಾರ, ಒಮ್ಮೆ ಮಹಾರಾಜ ಕೂಡ ಆಗಿದ್ದವರು. ನಾಯಕ ಮಾತ್ರ ಆಗಿರಲಿಲ್ಲ. ಲಿಫ್ಟಿನಲ್ಲಿ ಸಿಕ್ಕವರೆಲ್ಲ "ನಿಮ್ಮನ್ನು ಎಲ್ಲೋ ನೋಡಿದ್ದೇನೆ" ಎನ್ನುತ್ತಿದ್ದರು. ಹೆಸರು ಯಾರಿಗೂ ನೆನಪಾಗುತ್ತಿರಲಿಲ್ಲ.

ಹರ್ಬರ್ಟನ ಮಾತು ಕೇಳಿ ಅವರು ಆಕಳಿಸಿದರು. "ಎಷ್ಟು ಮಾತು?"

"ಎರಡೇ, ಸರ್. ಇಂಗ್ಲಿಷಿನಲ್ಲಿ."

"ಕುದುರೆ ಹತ್ತಬೇಕಾ?"

"ಇಲ್ಲ."

"ಹಾಗಾದರೆ ಆಗಬಹುದು."

ಸಂಜೆ ಊದ್ ಮೇಥಾದ ಸಭಾಂಗಣದಲ್ಲಿ ಅಲೆಕ್ಸಾಂಡರ್ ರಂಗಕ್ಕೆ ಬಂದು, ಪಕ್ಕದ ಮನೆಯವರ ಹತ್ತಿರ ಸಕ್ಕರೆ ಕೇಳುವಷ್ಟು ಮೆತ್ತಗೆ ಎರಡು ಮಾತಾಡಿ ಹೋದರು. ಸಭೆಗೆ ಏನೂ ಅನಿಸಲಿಲ್ಲ. ಮುಂದಿನ ಸಾಲಿನಲ್ಲಿದ್ದ ಕಾರ್ಯದರ್ಶಿ ಸ್ವರ್ಣಲತಾ, "ಇದೆಂಥ ಕಲೆಕ್ಟರ್, ಪಾಪದವ" ಎಂದರು.

ಆಮೇಲೆ ಅಜ್ಜನ ಮಂಚ. ಮಗನ ಪಾತ್ರದ ಹರ್ಷಿತ್ ಕಾಲು ಹಿಡಿದ. ಹರ್ಬರ್ಟ್ ಕಣ್ಣಲ್ಲಿ ನೀರು ತಂದುಕೊಂಡು ಬಾಯಿ ತೆರೆದ.

"ಮಗಾ, ಟುಳಸಿ ನೀರು ಕೊಡು."

ಸಭೆಯಲ್ಲಿ ಒಂದು ಮಗು, "ಮಮ್ಮೀ, ದಿ ಕಲೆಕ್ಟರ್ ಈಸ್ ಡೈಯಿಂಗ್" ಎಂದಿತು. ಸಭೆ ಗೊಳ್ಳೆಂದಿತು. ತಿದ್ದಿಕೊಳ್ಳಲು ಹೋದಷ್ಟೂ ಹರ್ಬರ್ಟನ ನಾಲಗೆ ಪಟ್ಟು ಹಿಡಿದ ಕತ್ತೆಯಂತೆ ಲಂಡನ್ನಿನ ಕಡೆಗೇ ಎಳೆಯಿತು. ಅಳಬೇಕಾದ ಹರ್ಷಿತ್ ಅಜ್ಜನ ಶಾಲಿನಲ್ಲಿ ಮುಖ ಹುದುಗಿಸಿ ನಗುತ್ತಿದ್ದ. ಇನ್ನು ಬದುಕಿ ಪ್ರಯೋಜನವಿಲ್ಲವೆಂದು ಹರ್ಬರ್ಟ್ ಅರ್ಧ ಮಾತು ನುಂಗಿ, ಬೇಗನೆ ಸತ್ತ.

ಪರದೆಯ ಹಿಂದೆ ಚನಿಯ ತಲೆಗೆ ಕೈ ಹೊತ್ತು ಕೂತಿದ್ದ. ಅಷ್ಟರಲ್ಲಿ ಒಳಗೆ ಬಂದ ಸ್ವರ್ಣಲತಾ ಮಂಚದ ಮುಂದೆ ನಿಂತುಬಿಟ್ಟರು. ಎಸಿಯ ಚಳಿಗೆ ಅಲೆಕ್ಸಾಂಡರ್ ಕೋಟು ಕಳಚಿ, ಅಜ್ಜನ ಶಾಲು ಹೊದ್ದು, ಆ ಮಂಚದ ಮೇಲೆ ಕೆಮ್ಮುತ್ತಾ ಕೂತಿದ್ದರು.

"ನಮ್ಮ ಕಾರ್ಕಳದ ಅಜ್ಜನನ್ನೇ ಕಂಡ ಹಾಗಾಯ್ತಲ್ಲ ಚನಿಯಣ್ಣ," ಎಂದವರು ಸೆರಗಿನಿಂದ ಕಣ್ಣೊರೆಸಿಕೊಂಡರು.

ಚನಿಯ ತಲೆ ಎತ್ತಿದ. "ಖಲಾಸ್, ತೀರ್ಮಾನ ಆಯ್ತು. ಮುಂದಿನ ವರ್ಷ ಅಜ್ಜ ಇವರೇ."

"ಅವರಿಗೆ ಕನ್ನಡ ಬರುವುದಿಲ್ಲ ಮಾರಾಯಾ," ಎಂದ ಹರ್ಬರ್ಟ್.

"ಅಜ್ಜನಿಗೆ ಮಾತು ನಿಂತಿದೆ ಅಂತ ಮಾಡುವ. ನೀನು ಕಲೆಕ್ಟರೇ ಆಗು. ಈ ಸಲ ಯಾಕೆ ನಕಲಿ ಇಂಗ್ಲಿಷಿನವನನ್ನು ಹಾಕಿದ್ದು ಅಂತ ಜನ ಕೇಳ್ತಿದ್ದಾರೆ."

ಅದನ್ನು ಅಲೆಕ್ಸಾಂಡರರಿಗೆ ಇಂಗ್ಲಿಷಿನಲ್ಲಿ ತಿಳಿಸುವ ಕೆಲಸವೂ ಹರ್ಬರ್ಟನ ಪಾಲಿಗೇ ಬಂತು. ಮುದುಕರ ಮುಖ ಅರಳಿತು. ಹರ್ಬರ್ಟನ ಕಾರಿನಲ್ಲಿ ಕೂತದ್ದೇ ಅವರು ಕೇಳಿದರು: "ನಿಮ್ಮ ಕಡೆಯ ಅಜ್ಜಂದಿರು ಹೇಗೆ ಸಾಯುತ್ತಾರೆ, ಸ್ವಲ್ಪ ತೋರಿಸು."

ಮನೆ ತಲುಪುವವರೆಗೂ ಹರ್ಬರ್ಟ್ ಪ್ರತಿ ಸಿಗ್ನಲಿನಲ್ಲೂ ಸಾಯುತ್ತಾ ಬಂದ.