ನಮ್ಮ ಬಾಗಿಲಿಗೆ ಅಂಟಿದ ನೋಟೀಸು

ಸರ್ಕಾರ ಕೊಟ್ಟ ಭೂಮಿಯಲ್ಲಿ ಬಾಳುವವನಿಗೆ ನಗುವ ಪ್ರಸಂಗಗಳು ಎಂದೂ ಕಡಿಮೆ ಬೀಳುವುದಿಲ್ಲ. ಅಳುವುದು ಮುಗಿದು ಬಿಡುವು ಸಿಗಬೇಕು, ಅಷ್ಟೇ.

ಕಂಗ್ಟಿಯ ಆಚೆ ಗುಡ್ಡದ ಮಗ್ಗುಲಲ್ಲಿ ಅಪ್ಪನಿಗೆ ಎರಡು ಎಕರೆ ಪಟ್ಟಾ ಸಿಕ್ಕಿತ್ತು. ಕಲ್ಲು ಆರಿಸಿ, ತೊಗರಿ ಬಿತ್ತಿ, ಅಲ್ಲೇ ಜೋಳದ ದಂಟಿನ ಗುಡಿಸಲು ಹಾಕಿದೆವು. ಬಾಗಿಲು ಮಾತ್ರ ಸಾಗವಾನಿಯದು. ಕೊಹೀರಿನಲ್ಲಿ ಯಾರೋ ಹಳೇ ಮನೆ ಕೆಡವುವಾಗ ಅಪ್ಪ ಕೊಂಡು, ಗಾಡಿಯ ಮೇಲೆ ಮದುಮಗಳನ್ನು ತಂದ ಹಾಗೆ ತಂದಿದ್ದ. ಭೂಮಿ ಹಸನಾಯಿತು, ಊರ ಪಟೇಲನ ಕಣ್ಣು ಬಿತ್ತು.

ನನ್ನ ಅಕ್ಷರ

ಒಂದು ಮುಂಜಾನೆ ನಮ್ಮನ್ನು ಭೂಮಿ ಬಿಡಿಸಲು ಕಂದಾಯದ ಗಿರದಾವರ ಪಟೇಲನ ಆಳುಗಳನ್ನು ಕರೆದುಕೊಂಡು ಬಂದ. ನಮ್ಮ ಕುಲದಲ್ಲೇ ಮೆಟ್ರಿಕ್ ಪಾಸಾದ ಮೊದಲ ಗಂಡಸು ನಾನು. ಎದೆ ಉಬ್ಬಿಸಿ ಅಡ್ಡ ನಿಂತೆ.

"ನೋಟೀಸ್ ಎಲ್ಲದರಿ? ಕಾನೂನು ಗೊತ್ತದ ನನಗ."

"ಓದೀಯೇನು?" ಅಂದ ಗಿರದಾವರ. "ಮಸ್ತ್ ಆತು. ಪಂಚನಾಮೆ ನೀನೇ ಬರಿ. ನಮ್ಮ ಗುಮಾಸ್ತನ ಅಕ್ಷರ ಛಂದಿಲ್ಲ."

ಬರೆದೆ. ನಮ್ಮದು ಗಡಿ ಸೀಮೆ, ಕಚೇರಿ ಕಾಗದವೆಲ್ಲ ತೆಲುಗು; ಮನೆಯಲ್ಲಿ ಕನ್ನಡವಾದರೂ ನನ್ನ ತೆಲುಗು ಅಕ್ಷರ ಮುತ್ತು ಪೋಣಿಸಿದಂತೆ. ಜಪ್ತಿ: ಸಾಗವಾನಿ ಬಾಗಿಲು ಒಂದು. ತಾರೀಖು ಹಾಕಿಸಿದೆ, ರುಜು ಮಾಡಿಸಿದೆ, ಒಂದು ನಕಲು ಇಟ್ಟುಕೊಂಡೆ. ತಲೆ ಎತ್ತಿದಾಗ ಗುಡಿಸಲು ಇರಲಿಲ್ಲ. ತೊಗರಿಯಲ್ಲಿ ಪಟೇಲನ ಎತ್ತುಗಳು ಮೇಯುತ್ತಿದ್ದವು.

"ಛಲೋ ಬರ್ದೀ," ಅಂದ ಅಪ್ಪ. "ಇನ್ನೊಂದು ಮನಿ ಇದ್ದಿದ್ರ ಅದನ್ನೂ ಬರೀತಿದ್ದಿ."

ವಕೀಲರ ಸಲಹೆ

ಜಹೀರಾಬಾದಿನ ವಕೀಲರು ಕಾಗದ ನೋಡಿ ಹೇಳಿದರು: "ಪಟ್ಟಾ ಭೂಮಿ ಬಿಡಸಾಕ ಮೊದಲ ನೋಟೀಸು ಕೊಡಬೇಕು, ಆಮ್ಯಾಲ ನಿಮ್ಮ ಮಾತು ಕೇಳಬೇಕು, ಆಮ್ಯಾಲ ಹುಕುಂ."

"ಕೇಳಿದ್ರ ನಾ ಹೂಂ ಅಂತಿದ್ನೇನ್ರಿ?" ಅಂದ ಅಪ್ಪ.

"ಅದಕ್ಕೇ ಅವ್ರು ಕೇಳಿಲ್ಲ."

ಆ ಚಳಿಗಾಲ ಬೇವಿನ ಮರದ ಕೆಳಗೆ ಕಳೆದೆವು. ಅವ್ವ ಕೆಮ್ಮಿ ಕೆಮ್ಮಿ ಅಲ್ಲೇ ಹೋದಳು. ಮಣ್ಣು ಕೊಟ್ಟು ಬಂದು ಅಪ್ಪ ಅದೇ ಬೇವಿನ ಬುಡದಲ್ಲಿ ಕೂತ.

"ಈಕೀನ ಒಯ್ಯಾಕೂ ನೋಟೀಸ್ ಕೊಡ್ಲಿಲ್ಲ ನೋಡು," ಅಂದ.

ಚಪರಾಸಿಯ ಸಾಕ್ಷಿ

ಕೋರ್ಟಿನಲ್ಲಿ ತಹಸೀಲ್ ಕಚೇರಿಯವರು, ನೋಟೀಸನ್ನು ಬಾಗಿಲಿಗೇ ಅಂಟಿಸಿದ್ದೇವೆ ಅಂದರು. ಅಂಟಿಸಿದ ಚಪರಾಸಿ ಸಾಕ್ಷಿಗೆ ಬಂದ. ಸುಳ್ಳು ಹೇಳಿ ಅಭ್ಯಾಸವಿಲ್ಲದ ಮುದುಕ.

"ಯಾರ ಬಾಗಿಲಿಗೆ?" ಜಡ್ಜ್ ಸಾಹೇಬರು ಕೇಳಿದರು.

"ಇವರದೇ ರೀ. ಸಾಗವಾನಿದು."

"ಬಾಗಿಲು ಎಲ್ಲಿತ್ತು?"

"ನಮ್ಮ ಕಚೇರಿ ಹಿಂದ, ಗ್ವಾಡಿಗೆ ಆನಿಸಿತ್ತು ರೀ. ಅಲ್ಲೇ ಅಂಟಿಸಂತ ಹೇಳಿದ್ರು."

ವಕೀಲರು ನನ್ನ ಪಂಚನಾಮೆ ಮುಂದಿಟ್ಟರು. ಬಾಗಿಲು ಜಪ್ತಿಯಾದದ್ದು ಮೊದಲು, ನೋಟೀಸು ಆಮೇಲೆ. ನನ್ನ ಅಕ್ಷರ ಓದಲು ಸಾಹೇಬರಿಗೆ ಕನ್ನಡಕವೇ ಬೇಕಾಗಲಿಲ್ಲ. ಇದನ್ನು ಇಂದಿಗೂ ಹೇಳಿಕೊಂಡು ತಿರುಗುತ್ತೇನೆ.

"ಹಾಗಾದರೆ ಈ ನೋಟೀಸು ಮುಟ್ಟಿರುವುದು ನಿಮ್ಮ ಕಚೇರಿಗೆ," ಅಂದರು ಸಾಹೇಬರು. "ಖಾಲಿ ಮಾಡಬೇಕಾದವರು ನೀವು."

ಬಾಗಿಲು ಬಂತು

ಭೂಮಿ ತಿರುಗಿ ನಮ್ಮದಾಯಿತು. ಬಾಗಿಲೂ ಬಂತು, ನೋಟೀಸು ಅಂಟಿಕೊಂಡೇ. ದಂಟು ಇರಲಿಲ್ಲ, ಗೋಡೆ ಇರಲಿಲ್ಲ. ಅಪ್ಪ ಬಯಲ ನಡುವೆ ಎರಡು ಕಲ್ಲು ಹುಗಿದು ಬಾಗಿಲು ನಿಲ್ಲಿಸಿ, ಚಿಲಕ ಹಾಕಿ, ಹಿಂದೆ ಕೂತ.

ಭೂಮಿ ಒಪ್ಪಿಸಿದ್ದಕ್ಕೆ ಹೆಬ್ಬೆಟ್ಟು ಒತ್ತಿಸಿಕೊಳ್ಳಲು ಅದೇ ಗಿರದಾವರ ಬಂದ. ಬಾಗಿಲ ಪಕ್ಕದಿಂದ ನಡೆದು ಅಪ್ಪನ ಎದುರಿಗೆ ನಿಂತ.

ಅಪ್ಪ ತಲೆ ಎತ್ತಲಿಲ್ಲ. "ಹೊರಗ ಹೋಗ್ರಿ. ಬಾಗ್ಲ ಬಡೀರಿ."

ಗಿರದಾವರ ಸುತ್ತಲಿನ ಬಯಲು ನೋಡಿದ, ನನ್ನ ಮುಖ ನೋಡಿದ. ಆಮೇಲೆ ಬಳಸಿಕೊಂಡು ಆಚೆ ಹೋಗಿ, ತನ್ನ ನೋಟೀಸಿನ ಮೇಲೇ ಮೂರು ಸಲ ಬಡಿದ.

ಅಪ್ಪ ಒಳಗಿನಿಂದ ಕೇಳಿದ: "ಯಾರು?"